ಅಸಾಕುಸಾದ ನಾಲ್ಕನೇ ಮಹಡಿ

ಟೋಕಿಯೊದ ಅಸಾಕುಸಾಕ್ಕೆ ಬಂದವರೆಲ್ಲ ಕಮಿನಾರಿಮೋನ್ ಹೆಬ್ಬಾಗಿಲಿನ ದೊಡ್ಡ ಕೆಂಪು ಲಾಟೀನಿನ ಕೆಳಗೆ ಫೋಟೊ ತೆಗೆಸಿಕೊಳ್ಳುತ್ತಾರೆ. ನಾವೂ ತೆಗೆಸಿಕೊಂಡೆವು. ಸೆನ್ಸೋಜಿ ದೇಗುಲದಲ್ಲಿ ಕೈಮುಗಿದು ಪಡುವಣಕ್ಕೆ ತಿರುಗಿ ಸ್ವಲ್ಪ ನಡೆದರೆ ರೊಕ್ಕು. ಜಪಾನಿನ ಮೊದಲ ಕಾಯಂ ಸಿನಿಮಾ ಮಂದಿರ 1903ರಲ್ಲಿ ತೆರೆದದ್ದು ಈ ಕೇರಿಯಲ್ಲೇ. ಇಲ್ಲಿದ್ದ ಹನ್ನೆರಡು ಅಂತಸ್ತಿನ ಗೋಪುರ 1923ರ ಭೂಕಂಪದಲ್ಲಿ ಮುರಿದುಬಿತ್ತು. ಈಗ ಕಾಣುವುದು ಹೆಚ್ಚಾಗಿ ಹೆಂಡದಂಗಡಿ, ಜೂಜಿನ ಯಂತ್ರಗಳ ಗದ್ದಲ. ನನಗೆ ಬೇಕಿದ್ದದ್ದು ಒಂದೇ ಕಟ್ಟಡ: ಕೆಳಗೆ ಎಂಗೇಯ್ ಹಾಲ್, ಮೇಲೆ ನಾಲ್ಕನೇ ಮಹಡಿಯಲ್ಲಿ ತೋಯೋಕಾನ್, ಎರಡೂ ಹಾಸ್ಯದ ರಂಗಮಂದಿರಗಳು. ಈ ಮೇಲಿನದ್ದು ಹಿಂದೆ ಫ್ರಾನ್ಸ್-ಜಾ ಎಂಬ ಬೆತ್ತಲೆ ಕುಣಿತದ ರಂಗಮಂದಿರ. ಹಾಸ್ಯನಟ, ಸಿನಿಮಾ ನಿರ್ದೇಶಕ ತಕೇಶಿ ಕಿತಾನೊ ಹಾಸ್ಯ ಕಲಿತದ್ದು ಅಲ್ಲೇ.

ಜೊತೆಗಿದ್ದ ತಂಗಿಯ ಮಗ ಪೋಗೋ ಚಾನೆಲ್ಲಿನಲ್ಲಿ ಜಾವೇದ್ ಜಾಫ್ರಿಯ ಹಿಂದಿ ಹರಟೆ ಕೇಳುತ್ತಾ 'ತಕೇಶೀಸ್ ಕ್ಯಾಸಲ್' ಎಂಬ ಜಪಾನಿ ಆಟದ ಕಾರ್ಯಕ್ರಮ ನೋಡಿ ಬೆಳೆದವನು. ಕೆಸರಿಗೆ ಬೀಳುವ ಜನರನ್ನು ಕೋಟೆಯಲ್ಲಿ ಕೂತು ನೋಡುವ ದೊರೆಯೆಂದಷ್ಟೇ ಅವನಿಗೆ ತಕೇಶಿ ಕಿತಾನೊ ಗೊತ್ತು.

"ಮಾಮ, ಆ ದೊರೆ ಇಲ್ಲಿ ಲಿಫ್ಟ್ ನಡೆಸ್ತಿದ್ನಾ?"

ನಡೆಸುತ್ತಿದ್ದರು. ಮೇಜಿ ವಿಶ್ವವಿದ್ಯಾಲಯದಲ್ಲಿ ಎಂಜಿನಿಯರಿಂಗ್ ಓದನ್ನು ಅರ್ಧಕ್ಕೆ ಬಿಟ್ಟು 1972ರ ಸುಮಾರಿಗೆ ಈ ಬಾಗಿಲಿಗೆ ಬಂದಾಗ ಸಿಕ್ಕಿದ್ದು ಆ ಕೆಲಸ. ಅಲ್ಲಿನ ಹಾಸ್ಯನಟ ಫುಕಾಮಿ ಸೆನ್ಜಾಬುರೊ ಅವರನ್ನೇ ಗುರು ಮಾಡಿಕೊಂಡರು. ಯುದ್ಧಕಾಲದ ಕಾರ್ಖಾನೆಯಲ್ಲಿ ಎಡಗೈ ಬೆರಳು ಕಳೆದುಕೊಂಡಿದ್ದ ಗುರು ಟ್ಯಾಪ್ ಕುಣಿತ ಕಲಿಸಿದರು, ಪ್ರಹಸನ ಕಲಿಸಿದರು. ಕುಣಿತಗಳ ನಡುವೆ ಹೊತ್ತು ತುಂಬಿಸಲು ಹಾಸ್ಯ. ಜನ ಬಂದದ್ದು ಬೇರೆಯದನ್ನು ನೋಡಲು, ಅಂಥವರನ್ನು ನಗಿಸಬೇಕು. ಇದಕ್ಕಿಂತ ಕಠಿಣ ಪಾಠಶಾಲೆ ನನಗಂತೂ ಗೊತ್ತಿಲ್ಲ.

ನಾವು ನೋಡಿದ್ದು ಮಧ್ಯಾಹ್ನದ ಆಟ. ಅರ್ಧ ಕುರ್ಚಿ ಖಾಲಿ, ಕೂತವರಲ್ಲಿ ಮುದುಕರೇ ಹೆಚ್ಚು, ಕೆಲವರು ತೂಕಡಿಸುತ್ತಿದ್ದರು. ನಡುವೆ ಒಂದು ಮೈಕು, ಅದರ ಎರಡು ಕಡೆ ಕೋಟು ತೊಟ್ಟ ಇಬ್ಬರು: ಮಾನ್ಜಾಯ್. ಒಬ್ಬ ಅಸಂಬದ್ಧ ಹೇಳುತ್ತಾನೆ, ಇನ್ನೊಬ್ಬ ತಿದ್ದುತ್ತಾನೆ. ಒಂದು ಮಾತೂ ಅರ್ಥವಾಗದಿದ್ದರೂ ಆ ವೇಗಕ್ಕೇ ನಗು ಬಂತು. ತಕೇಶಿ 'ಬೀಟ್ ಕಿಯೊಶಿ' ಜೊತೆ ಕಟ್ಟಿದ 'ಟೂ ಬೀಟ್ಸ್' ಜೋಡಿ 1980ರ ಮಾನ್ಜಾಯ್ ಅಲೆಯಲ್ಲಿ ದೇಶಕ್ಕೆಲ್ಲ ಗೊತ್ತಾಯಿತು. ಮುದುಕರು, ಹಳ್ಳಿಯವರು, ಯಾರನ್ನೂ ಬಿಡದ ನಾಲಿಗೆ. ಕೆಂಪು ದೀಪವಿದ್ದರೂ ಎಲ್ಲರೂ ಒಟ್ಟಿಗೆ ದಾಟಿದರೆ ಹೆದರಿಕೆಯಿಲ್ಲ ಎಂಬುದು ಅವರ ಹೆಸರಾಂತ ಚಟಾಕಿ. ಆಟ ಮುಗಿದು ಹೊರಬಂದಾಗ ಒಂದು ವಾಹನವೂ ಇಲ್ಲದ ಸಣ್ಣ ರಸ್ತೆಯಲ್ಲಿ ಹತ್ತಾರು ಜನ ಕೆಂಪು ದೀಪಕ್ಕೆ ಶಿಸ್ತಾಗಿ ನಿಂತಿದ್ದರು. ಆ ಚಟಾಕಿ ಯಾಕೆ ಕುಟುಕಿತೆಂದು ಆಗ ತಿಳಿಯಿತು.

ಗುರು ಫುಕಾಮಿ 1983ರಲ್ಲಿ ಮನೆಗೆ ಬೆಂಕಿ ಬಿದ್ದು ತೀರಿಕೊಂಡರು. ಅದೇ ವರ್ಷ ಶಿಷ್ಯ ತಕೇಶಿ, ನಿರ್ದೇಶಕ ನಗಿಸಾ ಓಶಿಮಾರ ಸಿನಿಮಾದಲ್ಲಿ ಸೈನಿಕನ ಪಾತ್ರದಲ್ಲಿ ಕಾಣಿಸಿಕೊಂಡರು. 1989ರಲ್ಲಿ ಫುಕಾಸಾಕು ಕಿನ್ಜಿ ಕೈಬಿಟ್ಟ ಚಿತ್ರಕ್ಕೆ ತಾವೇ ನಿರ್ದೇಶಕರಾದರು. 1994ರಲ್ಲಿ ಸ್ಕೂಟರ್ ಅಪಘಾತವಾಗಿ ಮುಖದ ಬಲಭಾಗ ಸೆಟೆದುಕೊಂಡಿತು. ಚೇತರಿಸಿಕೊಳ್ಳುತ್ತಾ ಬಣ್ಣ ಹಿಡಿದು ಚಿತ್ರ ಬಿಡಿಸತೊಡಗಿದರು. ಆ ಚಿತ್ರಗಳೇ ಅವರ 'ಹನಾ-ಬಿ'ಯಲ್ಲಿವೆ, 1997ರಲ್ಲಿ ವೆನಿಸ್‌ನ ಸಿನಿಮೋತ್ಸವದಲ್ಲಿ ಚಿನ್ನದ ಸಿಂಹ ಪ್ರಶಸ್ತಿ ಗೆದ್ದ ಸಿನಿಮಾದಲ್ಲಿ. ಆ ಸಿನಿಮಾದ ಉದ್ದುದ್ದ ಮೌನಗಳ ನಂತರ ಥಟ್ಟನೆ ಎರಗುವ ಏಟು ನನಗೆ ಮಾನ್ಜಾಯ್‌ನ ಲಯದಂತೆಯೇ ಕಾಣುತ್ತದೆ. 2003ರ 'ಜಾತೋಯ್ಚಿ'ಯ ಕೊನೆಗೆ ಊರಿಗೆ ಊರೇ ಟ್ಯಾಪ್ ಕುಣಿಯುತ್ತದೆ. ಕತ್ತಿವರಸೆಯ ಕಥೆಯಲ್ಲಿ ಇದೆಲ್ಲಿಂದ ಬಂತೆಂದು ಕೇಳುವವರು ಈ ನಾಲ್ಕನೇ ಮಹಡಿಗೆ ಬರಬೇಕು.

ಮರುದಿನ ಅಸಾಕುಸಾದಿಂದ ತೋಬು ರೈಲು ಹಿಡಿದು ಉಮೆಜಿಮಾಕ್ಕೆ ಹೋದೆವು, 1947ರಲ್ಲಿ ಅವರು ಹುಟ್ಟಿದ ಕಡೆಗೆ. ಪ್ರವಾಸಿಗೆ ಅಲ್ಲಿ ನೋಡಲು ಏನೂ ಇಲ್ಲ. ಅಕ್ಕಪಕ್ಕ ಒತ್ತಿಕೊಂಡ ಮನೆಗಳು, ಒಣಹಾಕಿದ ಬಟ್ಟೆ, ಸೈಕಲ್ಲು. ಗೋಡೆಗೆ ಬಣ್ಣ ಹೊಡೆಯುತ್ತಿದ್ದ ಕುಡುಕ ತಂದೆ ಕಿಕುಜಿರೊ, ಮಕ್ಕಳು ಓದಲೇಬೇಕೆಂದು ಹಟ ಹಿಡಿದ ತಾಯಿ ಸಾಕಿ: ಆ ಬಡತನವನ್ನು ಅವರು ಪುಸ್ತಕಗಳಲ್ಲಿ ಮತ್ತೆ ಮತ್ತೆ ಬರೆದರು. ಹೆಸರು ಬಂದ ಮೇಲೆ ತಾಯಿ ಸದಾ ದುಡ್ಡು ಕೇಳುತ್ತಿದ್ದರಂತೆ. ಕೊನೆಗೆ ಅದೆಲ್ಲವನ್ನೂ ಮಗನ ಹೆಸರಿನಲ್ಲೇ ಕೂಡಿಟ್ಟ ಪಾಸ್‌ಬುಕ್ ಕೈಗಿತ್ತರು ಎಂದು ಅವರೇ ಬರೆದುಕೊಂಡಿದ್ದಾರೆ. ಸಾಕಿ ತೀರಿಕೊಂಡದ್ದು 1999ರಲ್ಲಿ. ಮೇಜಿ ವಿಶ್ವವಿದ್ಯಾಲಯ ಓದು ಬಿಟ್ಟ ವಿದ್ಯಾರ್ಥಿಗೆ ವಿಶೇಷ ಪದವಿ ಪ್ರಮಾಣಪತ್ರ ಕೊಟ್ಟದ್ದು 2004ರಲ್ಲಿ.