ಸಿಲ್ವಿಯಾ ಬತಾಯ್ ಮತ್ತು ತಡವಾಗಿ ಬಂದ ಒಂದು ಚಿತ್ರ

ಸಿಲ್ವಿಯಾ ಬತಾಯ್ ಅವರ ಪ್ರಸ್ತಾಪ ಬಂದಾಗಲೆಲ್ಲ ಅವರನ್ನು ಲೇಖಕ ಜಾರ್ಜ್ ಬತಾಯ್ ಅವರ ಮೊದಲ ಪತ್ನಿಯೆಂದೋ, ಮುಂದೆ ಮನೋವಿಶ್ಲೇಷಕ ಝಾಕ್ ಲಕಾನ್ ಅವರನ್ನು ವರಿಸಿದವರೆಂದೋ ಪರಿಚಯಿಸಿ ಮುಗಿಸಿಬಿಡುವುದು ನನಗೆ ಅನ್ಯಾಯವೆಂದೇ ತೋರುತ್ತದೆ. ಅವರು ಅಪರೂಪದ ನಟಿ.

1908ರಲ್ಲಿ ಪ್ಯಾರಿಸ್‌ನ ಯಹೂದಿ ಕುಟುಂಬವೊಂದರಲ್ಲಿ ಹುಟ್ಟಿದ ಸಿಲ್ವಿಯಾ, ಕವಿ ಝಾಕ್ ಪ್ರೆವೇರ್ ನಾಟಕ ಬರೆದುಕೊಡುತ್ತಿದ್ದ 'ಅಕ್ಟೋಬರ್' ಎಂಬ ಎಡಪಂಥೀಯ ರಂಗತಂಡದ ಒಡನಾಡಿಯಾಗಿದ್ದರು. ಝಾನ್ ರೆನ್ವಾರ್ ಅವರ ಒಂದು ಚಿತ್ರದಲ್ಲಿ ವಂಚಕ ಪ್ರಕಾಶಕನ ಕಾರ್ಯದರ್ಶಿಯಾಗಿ ನಟಿಸಿದ ಮೇಲೆ, 1936ರ ಬೇಸಿಗೆಯಲ್ಲಿ ಅದೇ ನಿರ್ದೇಶಕರು ಮೊಪಾಸಾನ ಕಥೆಯೊಂದನ್ನು ಆಧರಿಸಿದ 'ಪಾರ್ತಿ ದ ಕಂಪಾನ್ಯ'ದ ನಾಯಕಿಯ ಪಾತ್ರವನ್ನು ಅವರಿಗೆ ಕೊಟ್ಟರು. ಹೆತ್ತವರೊಡನೆ ಒಂದು ದಿನದ ಮಟ್ಟಿಗೆ ನದೀತೀರಕ್ಕೆ ಬಂದ ಪ್ಯಾರಿಸ್‌ನ ಅಂಗಡಿಕಾರನ ಮಗಳು ಆನ್ರಿಯೆತ್ ಉಯ್ಯಾಲೆಯಲ್ಲಿ ನಿಂತು ಜೀಕುವಾಗ ಅವಳ ಮೈಯೆಲ್ಲ ಹಿಗ್ಗುತ್ತದೆ. ಮಧ್ಯಾಹ್ನ, ದೋಣಿ ನಡೆಸಿ ತಂದ ಯುವಕನಿಗೆ ಸೋತ ಗಳಿಗೆಯಲ್ಲಿ ಕ್ಯಾಮೆರಾ ತೀರ ಹತ್ತಿರ ಬಂದಾಗ, ಆ ಒಂದು ಕಣ್ಣಿನಲ್ಲಿ ಬಯಕೆಯೂ ಭಯವೂ, ಈ ದಿನ ಮತ್ತೆ ಬಾರದೆಂಬ ಅರಿವೂ ಒಟ್ಟಿಗೇ ತುಂಬಿಕೊಳ್ಳುತ್ತವೆ. ಆ ಕಾಲದ ಫ್ರೆಂಚ್ ಸಿನಿಮಾದಲ್ಲಿ ಇಷ್ಟು ಕಡಿಮೆ ಚಲನೆಯಿಂದ ಇಷ್ಟನ್ನು ಹೇಳಿದ ಮುಖ ನನಗೆ ಬೇರೆ ಕಂಡಿಲ್ಲ.

ಆದರೆ ಆ ಬೇಸಿಗೆಯಲ್ಲಿ ಬಿಡದೆ ಸುರಿದ ಮಳೆಯಿಂದ ಚಿತ್ರೀಕರಣ ಕುಂಟುತ್ತ ಸಾಗಿತು, ರೆನ್ವಾರ್ ಮುಂದಿನ ಚಿತ್ರಕ್ಕೆ ಹೊರಟುಹೋದರು, ಚಿತ್ರ ಅಪೂರ್ಣವಾಗಿಯೇ ಉಳಿಯಿತು. ಬಳಿಕ ಯುದ್ಧ ಬಂದಿತು. ಜರ್ಮನರು ಆಕ್ರಮಿಸಿದ ಫ್ರಾನ್ಸ್‌ನಲ್ಲಿ ಯಹೂದಿ ನಟಿಗೆ ತೆರೆಯ ಮೇಲೆ ಜಾಗವಿರಲಿಲ್ಲ. ಸಿಲ್ವಿಯಾ ದೇಶದ ದಕ್ಷಿಣ ಭಾಗದಲ್ಲಿ ಆಶ್ರಯ ಪಡೆದರು. ನಿರ್ಮಾಪಕ ಪಿಯೆರ್ ಬ್ರೌನ್‌ಬರ್ಗರ್ ಪಟ್ಟು ಬಿಡದೆ, ಉಳಿದಿದ್ದ ನೆಗೆಟಿವ್‌ನಿಂದ ಸಂಕಲನ ಮಾಡಿಸಿ, ಚಿತ್ರೀಕರಿಸದ ಭಾಗಗಳನ್ನು ಬರಹದಿಂದ ತುಂಬಿ, ಸುಮಾರು 40 ನಿಮಿಷಗಳ ಆ ಚಿತ್ರವನ್ನು ಬಿಡುಗಡೆ ಮಾಡುವಷ್ಟರಲ್ಲಿ 1946 ಬಂದಿತ್ತು.

ತೆರೆಯ ಮೇಲಿನ ಆನ್ರಿಯೆತ್‌ಗೂ ಅಂದಿನ ಸಿಲ್ವಿಯಾಗೂ ನಡುವೆ ಆಗಲೇ ಹತ್ತು ವರ್ಷಗಳ ಅಂತರ. ಈ ಚಿತ್ರ 1937ರಲ್ಲಿಯೇ ತೆರೆಕಂಡಿದ್ದರೆ ಯುದ್ಧಕ್ಕೆ ಮುಂಚಿನ ಆ ಎರಡು ಮೂರು ವರ್ಷಗಳಲ್ಲಿ ಅವರಿಗೆ ಸಿಕ್ಕ ಪಾತ್ರಗಳೇ ಬೇರೆಯಾಗಿರುತ್ತಿದ್ದವು ಎಂದು ನಾನು ದೃಢವಾಗಿ ನಂಬಿದ್ದೇನೆ. ಅದೇ 1946ರಲ್ಲಿ ಮಾರ್ಸೆಲ್ ಕಾರ್ನೆ ಅವರ ಚಿತ್ರವೊಂದರಲ್ಲಿ ಪೋಷಕ ಪಾತ್ರ ಮಾಡಿದ ಸಿಲ್ವಿಯಾ, ಕೆಲವೇ ವರ್ಷಗಳಲ್ಲಿ ನಟನೆಯನ್ನು ಬಿಟ್ಟರು. 1993ರಲ್ಲಿ ತೀರಿಕೊಳ್ಳುವವರೆಗೂ ಮತ್ತೆ ಅದಕ್ಕೆ ಮರಳಲಿಲ್ಲ.