ಕೊಡೆ ಅಂಗಡಿಗೆ ಕೊನೆ ಸಿಕ್ಕಿಲ್ಲ

12 ನವೆಂಬರ್ 2025, ಬುಧವಾರ, ರಾತ್ರಿ

ಟಿವಿ ಹಾಸ್ಯ ಬರೆಯುವ ಕೆಲಸ ಹುಡುಕುತ್ತಿರುವ ಆ ಹುಡುಗಿ ಓದಲು ಕೊಟ್ಟ ಕೊಡೆ ಅಂಗಡಿ ಸ್ಕಿಟ್ ಇನ್ನೂ ತಲೆಯಿಂದ ಇಳಿದಿಲ್ಲ. ಮಳೆ ಸುರಿಯುತ್ತಿದೆ, ಗಿರಾಕಿ ಕೊಡೆ ಕೇಳುತ್ತಾನೆ, ಅಂಗಡಿಯವನು ಕೊಡಲ್ಲ. "ಹೊಸ ಮಾಲು ಸ್ವಾಮಿ, ನೆನೆದು ಹಾಳಾಗುತ್ತೆ."

ಎಂಥ ಎಳೆ! ಆದರೆ ಆ ಮಾತು ಬರುವುದು ಮೂರನೇ ಪುಟದ ನಡುವೆ. ಅಲ್ಲಿಯವರೆಗೆ ನಮಸ್ಕಾರ, ಬನ್ನಿ ಕೂತ್ಕೊಳ್ಳಿ, ಹೆಂಡತಿಯ ಫೋನು, ಮಳೆಯ ಮೇಲೆ ಎರಡು ಸವಕಲು ಜೋಕು. ಪುಟಕ್ಕೆ ಹೆಚ್ಚುಕಡಿಮೆ ಒಂದು ನಿಮಿಷ ಅಂತ ಲೆಕ್ಕ. ಎರಡೂವರೆ ನಿಮಿಷ ಯಾರು ಕಾಯ್ತಾರೆ, ರಿಮೋಟ್ ಕೈಯಲ್ಲೇ ಇರುವಾಗ? ಅಂಗಡಿಯವನ ಹುಚ್ಚು ಏನು ಅಂತ ಮೊದಲ ಅರ್ಧ ಪುಟದಲ್ಲೇ ಗೊತ್ತಾಗಬೇಕು. ಗಿರಾಕಿ ತೊಯ್ದು ತೊಪ್ಪೆಯಾಗಿ ಒಳಗೆ ಬರಲಿ, ಮೊದಲ ಮಾತೇ "ಒಂದು ಕೊಡೆ ಕೊಡಿ" ಆಗಲಿ. ಮುಗೀತು.

ಆಮೇಲೆ ಏರಿಸುವುದು. ಅವಳು ಇಲ್ಲಿ ಎಡವಿದ್ದಾಳೆ: ನಡುವೆ ಗಿರಾಕಿಯನ್ನು ಮಾರುವೇಷದ ಪೊಲೀಸ್ ಮಾಡಿಬಿಟ್ಟಿದ್ದಾಳೆ. ಅದು ಬೇರೆ ಸ್ಕಿಟ್, ಇನ್ನೊಂದು ದಿನಕ್ಕೆ ಎತ್ತಿಡಲಿ. ಇಲ್ಲಿ ಒಂದೇ ಹುಚ್ಚು, ಸುತ್ತಿಗೊಂದು ಮೆಟ್ಟಿಲು. ಮೊದಲು ಕೊಡಲ್ಲ ಅನ್ನುತ್ತಾನೆ. ಆಮೇಲೆ ನೋಡಿದರೆ ಅಂಗಡಿಯ ಒಂದೊಂದು ಕೊಡೆಗೂ ಪುಟ್ಟ ರೇನ್‌ಕೋಟ್ ಹಾಕಿದ್ದಾನೆ. ಮೂರನೇ ಸುತ್ತಿಗೆ ಸೂರು ಸೋರುತ್ತದೆ, ಕೊಡೆಗಳ ಮೇಲೆ ಬೀಳದಿರಲಿ ಅಂತ ಗಿರಾಕಿಯನ್ನೇ ತಂದು ತೂತಿನ ಕೆಳಗೆ ನಿಲ್ಲಿಸುತ್ತಾನೆ. ಗಿರಾಕಿ ಮಾತ್ರ ಕೊನೆತನಕ ನೆಟ್ಟಗಿರಬೇಕು. ಇಬ್ಬರೂ ಹುಚ್ಚರಾದರೆ ಯಾವುದು ಅತಿ ಅಂತ ಅಳೆಯೋದು ಯಾರು?

ನಿಜವಾದ ನೀರು ಬೇಡ. ಎದೆಗೆ ಸಿಕ್ಕಿಸಿದ ಮೈಕ್ ಕೆಡುತ್ತದೆ, ನೆಲ ಜಾರುತ್ತದೆ, ಎರಡನೇ ಟೇಕ್‌ಗೆ ಇನ್ನೊಂದು ಜೊತೆ ಬಟ್ಟೆ ಬೇಕು. ಒಂದು ಬಕೆಟ್, ಟಪ್ ಟಪ್ ಸದ್ದು, ಮೇಲೆ ನೋಡುವ ನಟ, ಸಾಕು. ಇಷ್ಟನ್ನು ಸ್ಕ್ರಿಪ್ಟ್‌ನಲ್ಲೇ ಬರೆದರೆ ಖರ್ಚಿನ ನೆಪ ಹೇಳಿ ಕತ್ತರಿಸಲು ಆಗಲ್ಲ.

"ಎಷ್ಟು ಬರೆದರೆ ಒಂದು ನಿಲ್ಲುತ್ತೆ?" ಅಂತ ಕೇಳಿದ್ದಳು. ಈ ಕಸುಬಿನ ಲೆಕ್ಕವೇ ನಿಷ್ಠುರ. ಅಮೆರಿಕದಲ್ಲಿ 1975ರಿಂದ ನಡೆಯುತ್ತಿರುವ ಟಿವಿ ಹಾಸ್ಯ ಕಾರ್ಯಕ್ರಮ ಸ್ಯಾಟರ್‌ಡೇ ನೈಟ್ ಲೈವ್‌ನಲ್ಲಿ ಸೋಮವಾರ ಎಳೆ ಹೇಳಿ, ಮಂಗಳವಾರ ರಾತ್ರಿಯೆಲ್ಲ ಬರೆದು, ಬುಧವಾರ ಮೇಜಿನ ಸುತ್ತ ಕೂತು 40ರ ಆಸುಪಾಸು ಸ್ಕಿಟ್ ಓದುತ್ತಾರೆ. ಅವತ್ತೇ ಮುಕ್ಕಾಲು ಪಾಲು ಸಾಯುತ್ತವೆ. ಉಳಿದದ್ದಕ್ಕೆ ಸೆಟ್ಟು ಹೇಗಿರಬೇಕು, ವಿಗ್ ಯಾವುದು ಅಂತ ಬರೆದವರೇ ಓಡಾಡಿ ಹೇಳಬೇಕು. ಶನಿವಾರ ರಾತ್ರಿ 8ಕ್ಕೆ ಪ್ರೇಕ್ಷಕರ ಎದುರು ಡ್ರೆಸ್ ರಿಹರ್ಸಲ್. ಅಲ್ಲಿ ನಗು ಬೀಳದಿದ್ದರೆ ಸೆಟ್ಟು, ವಿಗ್ಗು ಎಲ್ಲ ಸಿದ್ಧವಿದ್ದರೂ ಔಟ್. ಉಳಿದವುಗಳ ಮಾತು ತಿದ್ದಿ, ನಟರು ನೋಡಿ ಮಾತು ಹೇಳುವ ದೊಡ್ಡ ಕ್ಯೂ ಕಾರ್ಡ್‌ಗಳನ್ನು ಮತ್ತೆ ಕೈಯಲ್ಲಿ ಬರೆದು, 11:30ಕ್ಕೆ ಲೈವ್. ಚಪ್ಪಾಳೆ ನಟನಿಗೆ. ಅದು ಸರಿಯೇ ಬಿಡಿ, ಬಿದ್ದಾಗ ಬೀಳುವವನೂ ಅವನೇ.

ಅವಳು ಕೆಲಸ ಕೇಳಿ ಕಳಿಸುವ ಮಾದರಿ ಬರಹಗಳ ಕಟ್ಟಿನಲ್ಲಿ ಈ ಕೊಡೆ ಅಂಗಡಿಯೇ ಮೊದಲಿರಲಿ, ಬೆನ್ನಿಗೆ ಒಂದು ಅಣಕ, ಒಂದು ಚುಟುಕು. ಮೂರೂ ಅಂಗಡಿಯಲ್ಲೇ ನಡೆದರೆ ಬಂಡವಾಳ ಇಷ್ಟೇ ಅಂದುಕೊಳ್ಳುತ್ತಾರೆ.

ಕೊನೆ ಒಂದು ಸಿಗುತ್ತಿಲ್ಲ. ಬ್ರಿಟನ್ನಿನ ಹಾಸ್ಯ ತಂಡ ಮಾಂಟಿ ಪೈಥಾನ್‌ನವರು 1969ರಲ್ಲಿ ಬಿಬಿಸಿಗೆ ಬಂದಾಗ ಕೊನೆಯ ಪಂಚ್‌ನ ಹಂಗೇ ಬೇಡ ಅಂದುಬಿಟ್ಟರು. ನಡುವೆಯೇ ಬಿಟ್ಟು, ತಂಡದವನೇ ಆದ ಟೆರ್ರಿ ಗಿಲಿಯಮ್‌ನ ಅನಿಮೇಷನ್ ಹಿಡಿದು ಮುಂದಿನದಕ್ಕೆ ಹಾರುತ್ತಿದ್ದರು. ನಮಗೆಲ್ಲಿದೆ ಆ ಸವಲತ್ತು?

ಮಳೆ ನಿಂತ ಮೇಲೆ ಕೊಡೆ ಕೊಡುತ್ತಾನೆ? ಛೆ, ಎರಡನೇ ಪುಟದಲ್ಲೇ ಎಲ್ಲರೂ ಊಹಿಸಿರುತ್ತಾರೆ. ಹಳೇ ಗಿರಾಕಿಯೊಬ್ಬ ಒಳಗೆ ಬಂದರೆ? ತಲೆಯಿಂದ ಕಾಲಿನವರೆಗೆ ನೀರು ಸೋರುತ್ತಿದೆ. ಶರ್ಟಿನೊಳಗಿಂದ ಮಡಚಿದ ಕೊಡೆ ತೆಗೆದು, "ನೋಡಿ ಸಾರ್, ಹೋದ ವರ್ಷ ನಿಮ್ಮತ್ರ ತಗೊಂಡಿದ್ದು, ಇವತ್ತಿನವರೆಗೂ ಒಂದು ಹನಿ ತಾಗಿಸಿಲ್ಲ." ಅಂಗಡಿಯವನ ಕಣ್ಣು ತುಂಬುತ್ತದೆ. ಆ ಕಣ್ಣೀರು ಕೊಡೆ ಮೇಲೆ ಬೀಳುವಷ್ಟರಲ್ಲಿ ಮೊದಲನೇ ಗಿರಾಕಿ