ನಾಲ್ಕನೇ ತಿಂಗಳಲ್ಲಿ ಕೂಸಿನ ನಿದ್ದೆ ಯಾಕೆ ಕೆಡುತ್ತದೆ?

ಚೆನ್ನಾಗಿ ಮಲಗುತ್ತಿದ್ದ ಕೂಸು ನಾಲ್ಕು ತಿಂಗಳಾಗುತ್ತಲೇ ರಾತ್ರಿ ಗಂಟೆಗೊಮ್ಮೆ ಏಳತೊಡಗಿದರೆ ದೃಷ್ಟಿಯಾಯಿತೆಂದೋ ಹಾಲು ಸಾಲುತ್ತಿಲ್ಲವೆಂದೋ ಗಾಬರಿಯಾಗಬೇಡಿ. ಈ ಹೊತ್ತಿಗೆ ನಿದ್ದೆಯ ಕ್ರಮವೇ ಬದಲಾಗುತ್ತದೆ: ಹಗುರ ನಿದ್ದೆ, ಗಾಢ ನಿದ್ದೆ ಸೇರಿದ ಒಂದು ಸುತ್ತು ಸುಮಾರು 45ರಿಂದ 60 ನಿಮಿಷ. ಸುತ್ತು ಮುಗಿದಾಗ ಕೂಸಿಗೆ ಅರೆ ಎಚ್ಚರ. ತೊಟ್ಟಿಲು ತೂಗಿಸಿಕೊಂಡೇ ನಿದ್ದೆಹೋಗಿದ್ದರೆ ಆಗಲೂ ಅದೇ ತೂಗಾಟ ಬೇಕೆನ್ನುತ್ತದೆ. ಆದ್ದರಿಂದ ಕಣ್ಣು ಎಳೆಯುತ್ತಿರುವಾಗಲೇ, ಪೂರ್ತಿ ನಿದ್ದೆ ಹತ್ತುವ ಮುಂಚೆ ಮಲಗಿಸಿ. ಸ್ವಲ್ಪ ಮಿಸುಕಾಡಿದರೆ ಕೂಡಲೇ ಎತ್ತಬೇಡಿ, ಒಂದೆರಡು ನಿಮಿಷ ನೋಡಿ. ಎಷ್ಟೋ ಸಲ ತಾನೇ ಮತ್ತೆ ಮಲಗುತ್ತದೆ. ಹಸಿವಾಗಿದ್ದರೆ ಹಾಲು ಕೊಡಲೇಬೇಕು, ಅದರಲ್ಲಿ ಶಿಸ್ತಿನ ಮಾತಿಲ್ಲ.

ಮಗುಚಿಕೊಳ್ಳುವುದೂ ಹೆಚ್ಚುಕಡಿಮೆ ಇದೇ ಸಮಯಕ್ಕೆ ಶುರು. ಆ ಪ್ರಯತ್ನ ಕಂಡ ದಿನದಿಂದಲೇ ಬಟ್ಟೆಯಲ್ಲಿ ಸುತ್ತಿ ಮಲಗಿಸುವುದನ್ನು ನಿಲ್ಲಿಸಿ. ಕೈ ಕಟ್ಟಿದ ಕೂಸು ಬೋರಲಾದರೆ ಮುಖ ಎತ್ತಲಾರದೆ ಉಸಿರು ಕಟ್ಟೀತು. ಗಟ್ಟಿ, ಸಮತಟ್ಟಾದ ಹಾಸಿಗೆಯ ಮೇಲೆ ಅಂಗಾತ ಮಲಗಿಸಿ. ದಿಂಬು, ರಗ್ಗು ಬೇಡ. ಅಜ್ಜಿ ಪ್ರೀತಿಯಿಂದ ಹೊಲಿದ ಸಾಸಿವೆ ದಿಂಬೂ ಬೇಡ. ಹಗಲಲ್ಲಿ ಎಚ್ಚರವಿದ್ದಾಗ ಚಾಪೆಯ ಮೇಲೆ ಬೋರಲು ಹಾಕಿ, ಎದುರಿಗೆ ಕೂತು ಆಡಿಸಿ.

4ರಿಂದ 11 ತಿಂಗಳವರೆಗೆ ಹಗಲಿನದೂ ಸೇರಿ ದಿನಕ್ಕೆ 12ರಿಂದ 16 ಗಂಟೆ ನಿದ್ದೆ ಬೇಕು. ನಾಲ್ಕು ತಿಂಗಳು ತುಂಬಿದರೂ ಕತ್ತು ನಿಲ್ಲದಿದ್ದರೆ ಮಕ್ಕಳ ಡಾಕ್ಟರಿಗೆ ತೋರಿಸಿ.